ನಿಂಗಪ್ಪನ ಒಳ್ಳೆಯ ಕಾಲು

ಶನಿವಾರ ಬೆಳಿಗ್ಗೆ ಹಾಸಿಗೆಯಿಂದ ಏಳುವಾಗ ನಿಂಗಪ್ಪನ ಬಲಮಂಡಿ ‘ಟಕ್’ ಎಂದಿತು. ಸದ್ದೇನೂ ದೊಡ್ಡದಲ್ಲ; ಅಡುಗೆಮನೆಯಲ್ಲಿ ಯಾರೋ ನುಗ್ಗೆಕಾಯಿ ಮುರಿದರೆ ಬರುವಷ್ಟು. ಬೇರೆ ಮನೆಯಾಗಿದ್ದರೆ ಒಂದಿಷ್ಟು ಮುಲಾಮು ತಿಕ್ಕಿಕೊಂಡು ಸುಮ್ಮನಾಗುತ್ತಿದ್ದ. ಆದರೆ ಅವನು ಉಳಿದುಕೊಂಡಿದ್ದದ್ದು ಇಂಗ್ಲೆಂಡಿನ ಲೀಡ್ಸ್‌ನ ಹೆಡಿಂಗ್ಲೀಯಲ್ಲಿ, ಡಾಕ್ಟರ್ ಹರಿಪ್ರಸಾದರ ಮನೆಯ ಅಟ್ಟದ ಕೋಣೆಯಲ್ಲಿ. ಹರಿಪ್ರಸಾದರು ಮೂಳೆ ಡಾಕ್ಟರು. ಮೂಳೆಯಲ್ಲೂ ಮಂಡಿಯೇ ಅವರ ವಿಶೇಷ. ಅವರ ಮಂಚ ಇದ್ದದ್ದು ಸರಿಯಾಗಿ ನಿಂಗಪ್ಪನ ಮಂಚದ ಕೆಳಗೆ, ಒಂದು ಹಲಗೆಯ ಅಂತರದಲ್ಲಿ.

ನಿಂಗಪ್ಪ ಉಸಿರು ಬಿಗಿಹಿಡಿದು ಕೂತ. ಕೆಳಗಿನಿಂದ ಗೊರಕೆ ಕೇಳಿಸಿತು. ಸದ್ಯ, ಬಚಾವಾದೆ ಎಂದುಕೊಂಡ.

ಈ ನಿಂಗಪ್ಪ ಯಾರು ಅಂದರೆ, ಕ್ರಿಕೆಟ್ಟನ್ನೇ ಹೊಟ್ಟೆಪಾಡು ಮಾಡಿಕೊಂಡವನು. ಟೀವಿಯಲ್ಲಿ ಕಾಣುವ ಪೈಕಿ ಅಲ್ಲ. ಹುಬ್ಬಳ್ಳಿಯಲ್ಲಿ ಶುರು ಮಾಡಿ, ರಾಜ್ಯ ತಂಡಕ್ಕೆ ನೀರಿನ ಬಾಟ್ಲಿ ಹೊರುವವರೆಗೆ ಬಂದು, ಅಲ್ಲಿಂದ ಮುಂದಕ್ಕೆ ದಾರಿ ಸಿಗದೆ ದೇಶದೇಶ ಅಲೆದವನು. ಒಂದು ವರ್ಷ ಈಶಾನ್ಯದ ಒಂದು ರಾಜ್ಯಕ್ಕೆ ಅತಿಥಿ ಆಟಗಾರ, ಮರುವರ್ಷ ಅದರ ಪಕ್ಕದ ರಾಜ್ಯಕ್ಕೆ, ಆಮೇಲೆ ಕೊಲಂಬೊ, ಆಮೇಲೆ ಇಂಗ್ಲೆಂಡಿನ ಬೇಸಿಗೆ ಲೀಗುಗಳು. ಇಲ್ಲಿನ ಸಣ್ಣ ಊರುಗಳ ಕ್ಲಬ್ಬುಗಳು ವರ್ಷಕ್ಕೊಬ್ಬ ಹೊರದೇಶದ ಆಟಗಾರನನ್ನು ಸಂಬಳ ಕೊಟ್ಟು ಕರೆಸಿಕೊಳ್ಳುತ್ತವೆ. ಅವನಿಗೆ ‘ಪ್ರೋ’ ಎಂದು ಹೆಸರು. ಪ್ರೋ ಆದವನು ಶನಿವಾರ ಆಡಬೇಕು, ವಾರದ ದಿನ ಮಕ್ಕಳಿಗೆ ಕಲಿಸಬೇಕು, ಮಿಕ್ಕ ಹೊತ್ತು ಪಿಚ್ಚಿನ ಮೇಲೆ ರೋಲರ್ ಎಳೆಯಬೇಕು. ಕೊವೆಂಟ್ರಿ ಕಡೆ ಒಂದು ಬೇಸಿಗೆ, ಬರ್ಮಿಂಗ್‌ಹ್ಯಾಮ್‌ನ ಹಾರ್ಬೋರ್ನ್ ಕಡೆ ಒಂದು ಬೇಸಿಗೆ, ಈ ಸಲ ಲೀಡ್ಸ್ ಹೊರಗಿನ ಥಾರ್ನ್‌ಬೆಕ್ ಎಂಬ ಊರು. ಎಲ್ಲ ಕಡೆಯವರೂ ಸೆಪ್ಟೆಂಬರ್ ಬಂದ ಕೂಡಲೇ ಕೈ ಕುಲುಕಿ, ಬೆನ್ನು ತಟ್ಟಿ, ‘ಬಹಳ ಚೆನ್ನಾಗಿ ಆಡಿದೆಯಪ್ಪ’ ಎಂದು ಏರ್‌ಪೋರ್ಟಿಗೆ ಬಿಟ್ಟು ಬಂದಿದ್ದರು. ಎರಡನೇ ವರ್ಷಕ್ಕೂ ಬಾ ಎಂದು ಇದುವರೆಗೆ ಒಬ್ಬ ಪುಣ್ಯಾತ್ಮನೂ ಕರೆದಿರಲಿಲ್ಲ. ‘ಮುಂದಿನ ವರ್ಷ ಎಲ್ಲಿಗ್ರೀ?’ ಎಂದು ಫೋನಿನಲ್ಲಿ ಕೇಳುವುದನ್ನು ಹೆಂಡತಿ ಹರ್ಷಿತಾ ಬಿಟ್ಟೇಬಿಟ್ಟಿದ್ದಳು.

ಥಾರ್ನ್‌ಬೆಕ್‌ನಲ್ಲಿ ಮಾತ್ರ ಗಾಳಿ ಸ್ವಲ್ಪ ಬೇರೆ ಥರ ಬೀಸುತ್ತಿತ್ತು. ರನ್ನುಗಳು ಬಂದಿದ್ದವು. ಮಕ್ಕಳು ಅವನನ್ನು ಕಂಡರೆ ಕುಣಿಯುತ್ತಿದ್ದವು. ಕ್ಲಬ್ಬಿನ ಚೇರ್ಮನ್ ಜೆಫ್, ಕೊನೆಯ ಪಂದ್ಯ ಮುಗಿಯಲಿ, ಮುಂದಿನ ಎರಡು ವರ್ಷದ ಬಗ್ಗೆ ಕೂತು ಮಾತಾಡೋಣ ಎಂದಿದ್ದ. ಎರಡು ವರ್ಷ! ಹರ್ಷಿತಾಳನ್ನೂ ಮಗಳನ್ನೂ ಕರೆತರಬಹುದು. ಸೂಟ್‌ಕೇಸನ್ನು ಅಟ್ಟಕ್ಕೆ ಎಸೆದು ಒಂದು ಮನೆ ಅಂತ ಮಾಡಬಹುದು. ಆದರೆ ಮಂಡಿ ಹೋಗಿದೆಯೆಂದು ಗೊತ್ತಾದರೆ ಮುಗಿಯಿತು ಕತೆ. ಓಡಲಾರದವನನ್ನು ಸಂಬಳ ಕೊಟ್ಟು ಯಾರು ಇಟ್ಟುಕೊಳ್ಳುತ್ತಾರೆ? ಮೇ ತಿಂಗಳಲ್ಲಿ ಮಂಡಿ ಮೊದಲ ಸಲ ತಿರುಚಿದಾಗಿನಿಂದ ಇದೊಂದೇ ಭಯ ಅವನನ್ನು ತಿನ್ನುತ್ತಿತ್ತು. ಅಟ್ಟದಲ್ಲಿ ಕಳ್ಳ ಹೆಜ್ಜೆ ಇಡುತ್ತ, ಹರಿಪ್ರಸಾದರ ಕಣ್ಣೆದುರು ನೆಟ್ಟಗೆ ನಡೆಯುತ್ತ, ಬಾತ್‌ರೂಮಿನಲ್ಲಿ ಬಾಗಿಲು ಹಾಕಿಕೊಂಡು ಕುಂಟುತ್ತ, ಹೇಗೋ ಬೇಸಿಗೆಯನ್ನು ಕೊನೆ ಮುಟ್ಟಿಸಿದ್ದ. ಇವತ್ತೊಂದು ದಿನ ಕಳೆದರೆ ಸಾಕಿತ್ತು.

ಆ ಮನೆಯ ಮೆಟ್ಟಿಲುಗಳು ಕಡಿದಾಗಿದ್ದವು. ನಿಂಗಪ್ಪ ಆಚೀಚೆ ನೋಡಿ, ಮೇಲಿನ ಮೆಟ್ಟಿಲಿನ ಮೇಲೆ ಕೂತು, ಮಕ್ಕಳು ಜಾರುವ ಹಾಗೆ ಒಂದೊಂದೇ ಮೆಟ್ಟಿಲು ಜಾರತೊಡಗಿದ. ಅರ್ಧ ಇಳಿಯುವಷ್ಟರಲ್ಲಿ ಕೆಳಗೆ ರಜನಿ ನಿಂತಿದ್ದರು. ರಜನಿ ಎಂದರೆ ಹರಿಪ್ರಸಾದರ ಹೆಂಡತಿ. ಅವರೂ ಡಾಕ್ಟರೇ, ಇಲ್ಲಿನವರು ಜಿಪಿ ಎನ್ನುವ ಸಾಮಾನ್ಯ ಕಾಯಿಲೆಗಳ ಡಾಕ್ಟರು.

"ಇದೇನ್ರೀ ನಿಂಗಪ್ಪ, ಕೂತ್ಕೊಂಡು ಇಳೀತಿದೀರಾ?"

"ಮೆಟ್ಟಿಲು ಒರಸಾಕತ್ತೀನ್ರಿ ಅಕ್ಕಾರ, ಧೂಳು ಭಾಳ ಐತಿ."

"ಪ್ಯಾಂಟಲ್ಲಾ?"

ನಿಂಗಪ್ಪ ಹಲ್ಲು ಕಿರಿದ. ರಜನಿ ಒಂದು ಗಳಿಗೆ ಅವನನ್ನೇ ನೋಡಿ ಅಡುಗೆಮನೆಗೆ ನಡೆದರು. ಒಗ್ಗರಣೆ ಅವಲಕ್ಕಿಯ ತಟ್ಟೆ ಮುಂದಿಟ್ಟು, "ಇವತ್ತು ನಾವೆಲ್ಲ ಬರ್ತಿದೀವಿ ನಿಮ್ಮ ಮ್ಯಾಚಿಗೆ" ಎಂದರು.

"ಎಲ್ಲಾರೂ ಅಂದ್ರ?"

"ನಾವಿಬ್ರು, ಮ್ಯಾಂಚೆಸ್ಟರಿಂದ ಬಾಲಕೃಷ್ಣ ಅವ್ರು, ಆಮೇಲೆ ಅಹಲ್ಯಾ. ನಮ್ ಕನ್ನಡದ ಹುಡುಗ ಕೊನೇ ಮ್ಯಾಚ್ ಆಡ್ತಿದಾನೆ, ಒಬ್ರಾದ್ರೂ ಹೋಗ್ಬೇಡ್ವಾ? ಎಲ್ಲರೂ ಆಸ್ಪತ್ರೆ ಡ್ಯೂಟಿ ಬದಲಾಯಿಸ್ಕೊಂಡಿದಾರೆ, ಪಾಪ."

ನಿಂಗಪ್ಪನ ಬಾಯಲ್ಲಿದ್ದ ಅವಲಕ್ಕಿ ಅಲ್ಲೇ ನಿಂತಿತು. ಬಾಲಕೃಷ್ಣರು ಎಕ್ಸ್-ರೇ ನೋಡುವ ಡಾಕ್ಟರು. ಅಹಲ್ಯಾ ಫಿಸಿಯೊಥೆರಪಿಸ್ಟು, ನಿಂಗಪ್ಪನ ಲೆಕ್ಕದಲ್ಲಿ ಆಕೆಯೂ ಡಾಕ್ಟರೇ; ಜನ ನಡೆಯುವುದನ್ನು ನೋಡುವುದೇ ಆಕೆಯ ಉದ್ಯೋಗ. ಒಬ್ಬ ಮಂಡಿ ಡಾಕ್ಟರ ಕಣ್ಣು ತಪ್ಪಿಸುವುದೇ ಬೇಸಿಗೆಯೆಲ್ಲ ಪ್ರಾಣಸಂಕಟವಾಗಿತ್ತು. ಈಗ ನಾಲ್ಕು ಜೋಡಿ ಕಣ್ಣು ಬೌಂಡರಿಯ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂರಲಿದ್ದವು.

ಕಾರಿನಲ್ಲಿ ಅವನನ್ನು ಹಿಂದಿನ ಸೀಟಿನ ಮಧ್ಯೆ, ಬಾಲಕೃಷ್ಣರಿಗೂ ಅಹಲ್ಯಾಗೂ ನಡುವೆ ಕೂರಿಸಿದರು. ಮಂಡಿ ಮಡಚಿ ಕೂತು ಪ್ರಾಣ ಹೋಗುತ್ತಿತ್ತು. ಹರಿಪ್ರಸಾದರು ಉತ್ಸಾಹದಲ್ಲಿ ಸ್ಟೇರಿಂಗ್ ಬಡಿಯುತ್ತ, ಹಿಂದಿನ ವಾರ ಬದಲಾಯಿಸಿದ ಮಂಡಿಗಳ ವಿಷಯ ಹೇಳತೊಡಗಿದರು. "ಒಬ್ಬ ಬಂದಿದ್ದ ನೋಡಿ, ಏನೂ ಇಲ್ಲ, ಏನೂ ಇಲ್ಲ ಅಂತಿದ್ದ. ಮಂಡಿ ಮೇಲೆ ಕೈ ಇಟ್ಟೆ ಅಷ್ಟೇ. ಎಷ್ಟು ದಿನದ ಹಳೇ ನೋವು ಅಂತ ಕೈಗೇ ಗೊತ್ತಾಗ್ಬಿಡುತ್ತೆ. ಮುಚ್ಚಿಡಕ್ಕಾಗಲ್ಲ!"

ನಿಂಗಪ್ಪ ಎರಡೂ ಕೈಗಳನ್ನು ಬಲಮಂಡಿಯ ಮೇಲೆ ಹೊದಿಸಿಕೊಂಡು ಕಿಟಕಿಯಾಚೆಯ ಕುರಿಗಳನ್ನು ನೋಡುತ್ತ ಕೂತ.

ಮೈದಾನದ ಬಾಗಿಲಲ್ಲೇ ಜೆಫ್ ಸಿಕ್ಕಿದ. ಜೆಫ್‌ನದು ಸದಾ ಹೆಣದ ಮನೆಯಿಂದ ಈಗಷ್ಟೇ ಬಂದ ಮುಖ. ಖುಷಿಯಾದರೂ ಅದೇ, ದುಃಖವಾದರೂ ಅದೇ. ಅಲ್ಲಿಯವರು ಎಷ್ಟೇ ವಯಸ್ಸಾದ ಗಂಡಸನ್ನೂ ‘ಲ್ಯಾಡ್’ ಎನ್ನುತ್ತಾರೆ. "ಲ್ಯಾಡ್, ಆಟ ಮುಗಿದ ಮೇಲೆ ನನ್ನನ್ನು ಬಂದು ನೋಡು. ಕಮಿಟಿ ಒಂದು ನಿರ್ಧಾರಕ್ಕೆ ಬಂದಿದೆ" ಎಂದು ಹೇಳಿ ಮುಖ ತಿರುಗಿಸಿ ಹೋದ. ಎಂಥ ನಿರ್ಧಾರ ಎಂಬುದು ಆ ಮುಖದಿಂದ ಬ್ರಹ್ಮನಿಗೂ ತಿಳಿಯುವಂತಿರಲಿಲ್ಲ.

ಕ್ಯಾಪ್ಟನ್ ಡ್ಯಾನಿ ಇನ್ನೊಂದು ಭಾರ ಹೇರಿದ. ಇವತ್ತು ಸೋತರೆ ತಂಡ ಕೆಳಗಿನ ಡಿವಿಜನ್ನಿಗೆ ಇಳಿಯುತ್ತದೆ. "ನೀನು ನಿಂತು ಆಡಬೇಕು, ನಿಂಗ್. ಎಲ್ಲಾ ನಿನ್ನ ಮೇಲೇ ಇದೆ."

ನಿಂತು ಆಡುವುದಕ್ಕೇನೋ ನಿಂಗಪ್ಪ ತಯಾರಿದ್ದ. ಓಡುವುದು ಹೇಗೆ?

ಥಾರ್ನ್‌ಬೆಕ್ ಮೊದಲು ಫೀಲ್ಡಿಂಗ್‌ಗೆ ಇಳಿಯಿತು. ಡ್ಯಾನಿ ಎಂದಿನಂತೆ ಅವನನ್ನು ಸ್ಲಿಪ್ಪಿನಲ್ಲಿ ನಿಲ್ಲಿಸಿದ. ಅಲ್ಲಿ ನಿಂತವನಿಗೆ ಓಡುವ ಕೆಲಸವಿಲ್ಲ, ಚೆಂಡು ತಾನಾಗಿ ಬಂದರೆ ಹಿಡಿದರಾಯಿತು. ಅಲ್ಲಿ ಬಗ್ಗಿ ನಿಂತೇ ನಿಂಗಪ್ಪನಿಗೆ ಒಂದು ಉಪಾಯ ಹೊಳೆಯಿತು. ಪಂದ್ಯದ ನಡುವೆ ಗಾಯಗೊಂಡ ಬ್ಯಾಟ್ಸ್‌ಮನ್ ತನ್ನ ಬದಲಿಗೆ ಓಡಲು ತಂಡದ ಇನ್ನೊಬ್ಬನನ್ನು ಕೇಳಬಹುದು. ಬ್ಯಾಟು ಬೀಸುವುದು ಇವನು, ಓಡುವುದು ಅವನು. ಅವನಿಗೆ ರನ್ನರ್ ಎನ್ನುತ್ತಾರೆ. ದೊಡ್ಡ ಪಂದ್ಯಗಳಲ್ಲಿ ಈ ಸವಲತ್ತನ್ನು ಎಂದೋ ನಿಲ್ಲಿಸಿದ್ದಾರೆ, ಊರ ಲೀಗುಗಳಲ್ಲಿ ಇನ್ನೂ ಉಳಿದಿದೆ. ಒಂದೇ ಶರತ್ತು, ಪೆಟ್ಟು ಆವತ್ತಿನ ಪಂದ್ಯದಲ್ಲೇ ಆಗಿರಬೇಕು. ಮನೆಯಿಂದ ಕಟ್ಟಿಕೊಂಡು ಬಂದ ನೋವಿಗೆ ರನ್ನರ್ ಇಲ್ಲ.

ಹಾಗಾದರೆ ಇವತ್ತೇ ಒಂದು ಪೆಟ್ಟು ಮಾಡಿಕೊಂಡರಾಯಿತು. ಒಂದು ಚೆಂಡಿನ ಹಿಂದೆ ನಾಲ್ಕು ಹೆಜ್ಜೆ ಓಡುವುದು, ದೊಪ್ಪನೆ ಬೀಳುವುದು, ಮಂಡಿ ಹಿಡಿದು ಒಂದಿಷ್ಟು ಹೊರಳಾಡುವುದು. ಸಂಜೆಗೆ, ಈಗ ಪರವಾಗಿಲ್ಲ ಅಂದರೆ ಮುಗಿಯಿತು. ಇಷ್ಟು ಸುಲಭದ ದಾರಿ ಬೆಳಿಗ್ಗೆಯೇ ಯಾಕೆ ಹೊಳೆಯಲಿಲ್ಲ ಎಂದು ಅವನಿಗೆ ಅವನ ಮೇಲೇ ಸಿಟ್ಟು ಬಂತು.

ಚೆಂಡು ಬಂತು. ಬ್ಯಾಟಿನ ಅಂಚು ತಾಗಿ ಅವನ ಪಕ್ಕದಿಂದ ಹಿಂದಕ್ಕೆ ಹೋಯಿತು. ನಿಂಗಪ್ಪ ತಿರುಗಿ ನಾಲ್ಕು ಹೆಜ್ಜೆ ಓಡಿ, ಗಾಳಿಯಲ್ಲಿ ಒಂದು ಸುತ್ತು ಸುತ್ತಿ, "ಅಯ್ಯಯ್ಯಪ್ಪಾ!" ಎಂದು ಹುಲ್ಲಿನ ಮೇಲೆ ಬಿದ್ದ. ಬಿದ್ದದ್ದು ಚೆನ್ನಾಗಿಯೇ ಇತ್ತು. ಆದರೆ ಆತ ಒಂದನ್ನು ಮರೆತಿದ್ದ. ಕಣ್ಣು ತೆರೆದಾಗ, ಕುರ್ಚಿಗಳನ್ನು ಉರುಳಿಸಿ, ಟೀ ಕಪ್ಪುಗಳನ್ನು ಎಸೆದು, ನಾಲ್ಕು ಜನ ಡಾಕ್ಟರು ಬೌಂಡರಿ ದಾಟಿ ಓಡಿ ಬರುತ್ತಿದ್ದರು.

"ಅಲ್ಲಾಡ್ಬೇಡ! ಯಾರೂ ಮುಟ್ಬೇಡಿ! ನಾನು ಬರ್ತಿದೀನಿ!" ಎಲ್ಲರಿಗಿಂತ ಮುಂದೆ ಹರಿಪ್ರಸಾದರು. ಕಾಲುಶತಮಾನ ಅಪರಿಚಿತರ ಮಂಡಿ ನೋಡಿದವರಿಗೆ ಕೊನೆಗೂ ತಮ್ಮ ಮನೆಯವನದ್ದೇ ಒಂದು ಸಿಕ್ಕಿತ್ತು. ಏದುಸಿರು ಬಿಡುತ್ತ ಮೊಣಕಾಲೂರಿ ಕೂತು, ಅಂಗಿಯ ತೋಳು ಮಡಚಿ, ಬಲಮಂಡಿಯತ್ತ ಕೈ ಚಾಚಿದರು.

ಆ ಕೈ ಹತ್ತಿರ ಹತ್ತಿರ ಬರುತ್ತಿತ್ತು. ಮುಟ್ಟಿದರೆ ಸಾಕು, ಎಷ್ಟು ದಿನದ ಹಳೆಯ ನೋವೆಂದು ಕೈಗೇ ಗೊತ್ತಾಗುತ್ತದೆ. ಅಂಪೈರ್ ಬೇರೆ ಪಕ್ಕದಲ್ಲೇ ಬಂದು ನಿಂತಿದ್ದ.

"ಅದಲ್ರೀ ಸರ!" ನಿಂಗಪ್ಪ ಕಿರುಚಿಕೊಂಡ. "ಬಲಗಾಲು ಅಲ್ರೀ! ಎಡಗಾಲು! ಎಡಗಾಲು ನೋಡ್ರಿ!"

ಕೈ ಹಾವು ಕಂಡ ಹಾಗೆ ಹಿಂದೆ ಸರಿಯಿತು. ನಾಲ್ಕೂ ಜನ ಎದ್ದು, ಸುತ್ತಿ ಬಂದು, ಎಡಗಡೆ ಕೂತರು. ನಿಂಗಪ್ಪನ ಎಡಗಾಲು ದೇವರು ಕೊಟ್ಟ ದಿನದಿಂದ ಒಂದು ಸಲವೂ ಕೈಕೊಟ್ಟಿರಲಿಲ್ಲ. ಈಗ ಅದರ ಶೂ ಕಿತ್ತರು, ಸಾಕ್ಸ್ ಕಿತ್ತರು.

"ಇಲ್ಲಿ ನೋವಾಗುತ್ತಾ?" ಎಂದು ಹರಿಪ್ರಸಾದರು ಹರಡಿನ ಒಳಗಡೆ ಒತ್ತಿದರು.

ನೋವಿಲ್ಲ ಅಂದರೆ ರನ್ನರ್ ಇಲ್ಲ. "ಆಗ್ತತ್ರೀ!"

"ಇಲ್ಲಿ?" ಎಂದು ಅಹಲ್ಯಾ ಹೊರಗಡೆ ಒತ್ತಿದಳು.

"ಅಯ್ಯೋ, ಭಾಳ ಆಗ್ತತ್ರೀ!"

"ಮತ್ತೆ ಇಲ್ಲಿ?" ಎಂದು ರಜನಿ ಪಾದದ ಮೇಲೆ, ಬಾಲಕೃಷ್ಣರು ಹಿಮ್ಮಡಿಯ ಮೇಲೆ. ನಿಂಗಪ್ಪ ಯಾರ ಮನಸ್ಸನ್ನೂ ನೋಯಿಸಲಿಲ್ಲ. ಎಲ್ಲರಿಗೂ ಹೌದು ಎಂದ. ಹೀಗಾಗಿ ನಾಲ್ವರ ನಾಲ್ಕು ಕಾಯಿಲೆಗಳೂ ಸರಿಯೆಂದು ಸಾಬೀತಾದವು.

"ಲಿಗಮೆಂಟ್ ಪೂರ್ತಿ ಹೋಗಿದೆ" ಎಂದರು ಹರಿಪ್ರಸಾದರು.

"ಸ್ನಾಯುರಜ್ಜೂನೂ ಹೋಗಿದೆ ಸಾರ್, ಬರೀ ಲಿಗಮೆಂಟ್ ಆಗಿದ್ರೆ ಇಷ್ಟು ಕಿರುಚ್ತಿರ್ಲಿಲ್ಲ" ಎಂದಳು ಅಹಲ್ಯಾ.

"ಎಕ್ಸ್-ರೇ ಇಲ್ದೆ ನಾನು ಮಾತಾಡಲ್ಲ" ಎಂದರು ಬಾಲಕೃಷ್ಣರು. "ಆದ್ರೂ ಹೇಳ್ತೀನಿ, ಇದರಲ್ಲಿ ಒಂದು ಕ್ರ್ಯಾಕ್ ಇದೆ."

ರಜನಿ ಟೀ ಕೋಣೆಯ ಫ್ರಿಜ್ಜಿನಿಂದ ಐಸು ತಂದು ಕಟ್ಟಿದರು. ಅದರ ಮೇಲೆ ಬ್ಯಾಂಡೇಜು, ಆ ಬ್ಯಾಂಡೇಜಿನ ಮೇಲೆ ಅಹಲ್ಯಾಳ ಇನ್ನೊಂದು ಬ್ಯಾಂಡೇಜು. ಕಾಲು ಹಲಸಿನ ಹಣ್ಣಿನಷ್ಟಾಯಿತು.

ಅಂಪೈರ್ ಒಬ್ಬ ರಿಟೈರ್ಡ್ ಹೆಡ್‌ಮಾಸ್ಟರು. ಯಾರು ಸುಳ್ಳು ಹೇಳುತ್ತಾರೆ ಎಂದು ಹುಡುಕುವುದೇ ಜೀವನವಿಡೀ ಅವನ ಕಸುಬು. ನಿಂಗಪ್ಪನ ಮುಖವನ್ನು ಕನ್ನಡಕದ ಮೇಲಿನಿಂದ ನೋಡಿ, ಆಮೇಲೆ ಡಾಕ್ಟರರನ್ನು ನೋಡಿದ. "ನೀವು ನಾಲ್ವರೂ ಡಾಕ್ಟರಾ? ಇದು ಈಗಷ್ಟೇ ಆದ ಪೆಟ್ಟು ಅಂತ ಹೇಳ್ತೀರಾ?"

"ಅಪ್ಪಟ ಫ್ರೆಶ್!" ಎಂದರು ಹರಿಪ್ರಸಾದರು ಹೆಮ್ಮೆಯಿಂದ.

"ಹಾಗಾದರೆ ರನ್ನರ್ ತಗೊಳ್ಳಬಹುದು."

ನಿಂಗಪ್ಪನಿಗೆ ಒಳಗೊಳಗೇ ಕುಣಿಯುವಷ್ಟು ಖುಷಿ. ಆ ಖುಷಿ ಎದ್ದು ನಿಲ್ಲುವವರೆಗೆ ಇತ್ತು. ಕೆಟ್ಟಿರುವುದು ಎಡಗಾಲು ಎಂದಮೇಲೆ ಎಡಗಾಲನ್ನು ಕುಂಟಬೇಕು. ಎಡಗಾಲನ್ನು ಕುಂಟಬೇಕಾದರೆ ಭಾರವೆಲ್ಲ ಬಲಗಾಲಿನ ಮೇಲೆ. ಮೊದಲನೆಯ ಹೆಜ್ಜೆಗೇ ಬಲಮಂಡಿಯಿಂದ ನೆತ್ತಿಯವರೆಗೆ ಬೆಂಕಿ ಹತ್ತಿದ ಹಾಗಾಯಿತು. ಬಾಯಿಂದ ಹೊರಟ ಕೂಗು ಈ ಸಲ ನಾಟಕದ್ದಲ್ಲ.

"ನೋಡಿ, ಎಷ್ಟು ನೋವು ಪಾಪ" ಎಂದರು ಬಾಲಕೃಷ್ಣರು.

ಎದುರಾಳಿಗಳ ಬ್ಯಾಟಿಂಗ್ ಮುಗಿದ ಮೇಲಿನ ಟೀ ಹೊತ್ತಿಗೆ ಡಾಕ್ಟರರೆಲ್ಲ ಸೇರಿ, ನೀನು ಬ್ಯಾಟ್ ಮಾಡಲೇಕೂಡದು ಎಂದು ತೀರ್ಪು ಕೊಟ್ಟರು. ನಿಂಗಪ್ಪ ಕೈ ಮುಗಿದು, "ಸಾಯೂವರೆಗೂ ಆಡ್ತೇನ್ರಿ ಸರ" ಎಂದ. ಹರಿಪ್ರಸಾದರ ಕಣ್ಣು ತುಂಬಿ ಬಂತು. ಎದುರು ಮೂಲೆಯಲ್ಲಿ ಜೆಫ್ ಕೈಯಲ್ಲಿ ಸ್ಯಾಂಡ್‌ವಿಚ್ ಹಿಡಿದು, ಬ್ಯಾಂಡೇಜನ್ನೇ ದಿಟ್ಟಿಸುತ್ತ, ಆ ಮುಖದಲ್ಲೇ ನಿಂತಿದ್ದ. ಬ್ಯಾಂಡೇಜು ನೋಡಿ ಮರುಗುತ್ತಿದ್ದಾನೋ, ಲೆಕ್ಕ ಹಾಕುತ್ತಿದ್ದಾನೋ? ನಿಂಗಪ್ಪ ಕಚ್ಚಿದ ಕೇಕನ್ನು ತಟ್ಟೆಗೇ ವಾಪಸಿಟ್ಟ.

ಥಾರ್ನ್‌ಬೆಕ್‌ನ ಬ್ಯಾಟಿಂಗ್ ಶುರುವಾಗಿ, ವಿಕೆಟ್ಟುಗಳು ಒಂದರ ಹಿಂದೆ ಒಂದು ಉದುರಿದವು. ನಿಂಗಪ್ಪ ಕ್ರೀಸಿಗೆ ಹೊರಟಾಗ ಇಡೀ ಮೈದಾನ ಎದ್ದು ನಿಂತು ಚಪ್ಪಾಳೆ ತಟ್ಟಿತು. ಅವನ ರನ್ನರ್ ಆಗಿ ಬಂದವನು ಯಶಸ್. ಬೆಂಗಳೂರಿನವನು, ಲೀಡ್ಸ್‌ನಲ್ಲಿ ಸಾಫ್ಟ್‌ವೇರ್ ಕೆಲಸ, ಶನಿವಾರಗಳಲ್ಲಿ ಕ್ರಿಕೆಟ್. ಆಗಲೇ ಔಟಾಗಿ ಬಂದು, ಪಕೋಡ ತಿನ್ನುತ್ತ ಕೂತಿದ್ದವನನ್ನು ಎಬ್ಬಿಸಿ ಪ್ಯಾಡು ಕಟ್ಟಿದ್ದರು.

"ಸಾರ್, ನೀವು ಆರಾಮಾಗಿ ಹೊಡೀರಿ. ಓಡೋದು ನನಗೆ ಬಿಡಿ" ಎಂದ ಯಶಸ್.

ಆರಾಮ ಎಲ್ಲಿಂದ ಬರಬೇಕು? ಮೇ ತಿಂಗಳಿಂದ ನಿಂಗಪ್ಪ ಬಲಮಂಡಿ ಉಳಿಸಲೆಂದೇ ಎಡಗಾಲು ಮುಂದಿಟ್ಟು, ಅದರ ಮೇಲೆ ಭಾರ ಹಾಕಿ ಆಡುವುದನ್ನು ರೂಢಿ ಮಾಡಿಕೊಂಡಿದ್ದ. ಈಗ ಎಡಗಾಲು ಮುಂದೆ ಇಡುವ ಹಾಗಿಲ್ಲ. ಇಟ್ಟರೆ ನಾಲ್ಕು ಜನ ಡಾಕ್ಟರು ನೋಡುತ್ತಿದ್ದಾರೆ. ಪ್ರತಿ ಚೆಂಡನ್ನೂ ಬಲಗಾಲಿನ ಮೇಲೆ ನಿಂತೇ ಆಡಬೇಕಾಯಿತು. ಒಂದೊಂದು ಹೊಡೆತಕ್ಕೂ ಅವನ ಕಣ್ಣಲ್ಲಿ ನೀರು. ಆದರೆ ಭಯಕ್ಕೆ ಎಂಥ ಶಕ್ತಿಯಿದೆ ನೋಡಿ, ಇಡೀ ಬೇಸಿಗೆಯಲ್ಲಿ ಆಡದ ಹೊಡೆತಗಳನ್ನು ಅವನು ಆವತ್ತು ಆಡಿದ. ಓಡುವ ಪ್ರಮೇಯ ಬಾರದಿರಲಿ ಎಂದು ಬೌಂಡರಿಗೇ ಅಟ್ಟಿದ.

ಒಮ್ಮೆ ಮಾತ್ರ ಎಡವಟ್ಟಾಯಿತು. ಚೆಂಡನ್ನು ಖಾಲಿ ಜಾಗಕ್ಕೆ ತಳ್ಳಿದವನು, ಅಷ್ಟು ವರ್ಷದ ಅಭ್ಯಾಸ, "ಬಾ!" ಎಂದು ಕೂಗಿ ತಾನೇ ಓಡಿಬಿಟ್ಟ. ಅತ್ತ ಯಶಸ್ ಕೂಡ ಓಡುತ್ತಿದ್ದ. ಎಡಗಾಲು ಪಾಪ ಎಂದಿನಂತೆ ಲಕಲಕನೆ ನಾಲ್ಕು ಹೆಜ್ಜೆ ಹಾಕಿತು.

"ಸಾರ್! ನೀವ್ಯಾಕೆ ಓಡ್ತಿದೀರಾ? ನಾನಿದೀನಲ್ಲ!" ಯಶಸ್ ಓಡುತ್ತಲೇ ಕೂಗಿದ.

ನಿಂಗಪ್ಪ ಅಲ್ಲೇ ಬ್ರೇಕ್ ಹಾಕಿದ. ತಿರುಗಿ ಕ್ರೀಸಿನತ್ತ ಹಾರಿ ಬಿದ್ದು, ಎಡಗಾಲು ಹಿಡಿದುಕೊಂಡು ಗೋಳೋ ಎಂದ. ಅಂಪೈರ್ ಬಂದು ಕನ್ನಡಕದ ಮೇಲಿನಿಂದ ನೋಡಿದ. ಬಹಳ ಹೊತ್ತು ನೋಡಿದ. ನಿಂಗಪ್ಪನಿಗೆ ಹುಬ್ಬಳ್ಳಿಯ ಸಿದ್ಧಾರೂಢರಿಂದ ಹಿಡಿದು ಎಲ್ಲ ದೇವರೂ ನೆನಪಾದರು.

ಆಗ ಬೌಂಡರಿಯಿಂದ ಹರಿಪ್ರಸಾದರ ಗಂಟಲು ಕೇಳಿಸಿತು. "ಅಡ್ರಿನಲಿನ್, ಅಂಪೈರ್! ಮುರಿದ ಕಾಲಲ್ಲೂ ಜನ ಓಡ್ತಾರೆ! ಮೆಡಿಕಲ್ ಪುಸ್ತಕದಲ್ಲೇ ಇದೆ!"

ಅಂಪೈರ್ ತನ್ನ ಜಾಗಕ್ಕೆ ಹಿಂತಿರುಗಿದ.

ಬೆಳಕು ಇಳಿಯುವ ಹೊತ್ತಿಗೆ, ಬಲಗಾಲ ಮೇಲೆ ಗಿರಗಿರನೆ ತಿರುಗಿ ನಿಂಗಪ್ಪ ಬಾರಿಸಿದ ಚೆಂಡು ಗಿಡದ ಬೇಲಿ ದಾಟಿ ಪಕ್ಕದ ಹೊಲಕ್ಕೆ ಬಿತ್ತು. ಥಾರ್ನ್‌ಬೆಕ್ ಗೆದ್ದಿತು. ಡ್ಯಾನಿ ಬಂದು ಅವನನ್ನು ಹೆಗಲ ಮೇಲೆ ಹೊತ್ತ. ಅಹಲ್ಯಾ ಅಳುತ್ತಿದ್ದಳು. ಬಾಲಕೃಷ್ಣರು ಗುರುತಿಲ್ಲದ ಇಂಗ್ಲಿಷ್ ಮುದುಕಿಯೊಬ್ಬಳನ್ನು ಅಪ್ಪಿಕೊಂಡಿದ್ದರು. ಇನ್ನು ಕರಾರು ಕೈತಪ್ಪುವ ಮಾತೇ ಇಲ್ಲ ಎಂದು ನಿಂಗಪ್ಪನಿಗೆ ಮೊದಲ ಸಲ ಧೈರ್ಯ ಬಂತು. ಹೆಗಲ ಮೇಲಿಂದಲೇ ಹರ್ಷಿತಾಳಿಗೆ ಫೋನ್ ಮಾಡಿ, "ಲೇ, ಪಾಸ್‌ಪೋರ್ಟ್ ಹುಡುಕಿ ತಗೀ" ಎಂದುಬಿಟ್ಟ.

ಕ್ಲಬ್ಬಿನ ಹಜಾರದಲ್ಲಿ ಅವನನ್ನು ಸೋಫಾದ ಮೇಲೆ ಕೂರಿಸಿ, ಎಡಗಾಲನ್ನು ಸ್ಟೂಲಿನ ಮೇಲೆ ಇಟ್ಟರು. ಡಾಕ್ಟರರು ಸುತ್ತ ನಿಂತರು. ಅಂಪೈರ್ ಬಿಯರ್ ಹಿಡಿದು ಎದುರಿಗೇ ಕೂತ. ಜೆಫ್ ಬಂದು, ಗಂಟಲು ಸರಿಮಾಡಿಕೊಂಡು, ಆ ಮುಖದಲ್ಲೇ ಶುರು ಮಾಡಿದ.

"ಲ್ಯಾಡ್, ನಿನ್ನಂಥ ಪ್ರೋ ನಮಗೆ ಹಿಂದೆ ಸಿಕ್ಕಿರಲಿಲ್ಲ. ಮೊನ್ನೆ ಕಮಿಟಿಯಲ್ಲಿ ಎಲ್ಲರೂ ಒಂದೇ ದನಿಯಲ್ಲಿ, ನಿನ್ನನ್ನು ಇನ್ನೂ ಎರಡು ವರ್ಷ ಇಟ್ಟುಕೊಳ್ಳೋದು ಅಂತ ತೀರ್ಮಾನ ಮಾಡಿದ್ವಿ. ನಿನ್ನ ಬಲಮಂಡಿ ಹೋಗಿದ್ದರೂ ಚಿಂತೆಯಿಲ್ಲ ಅಂತ."

ನಿಂಗಪ್ಪ ಸೋಫಾದಲ್ಲಿ ನೆಟ್ಟಗೆ ಕೂತ. "ಬಲಮಂಡಿ?"

"ಮೇ ತಿಂಗಳಿಂದ ಊರಿಗೆಲ್ಲ ಗೊತ್ತಲ್ಲ. ನೀನು ರೋಲರ್ ಎಳೆಯುವಾಗ ಪೋಸ್ಟ್‌ಮನ್ ಕೂಡ ನಿಂತು ನೋಡ್ತಾನೆ. ಡ್ಯಾನಿ ನಿನ್ನನ್ನ ಬೇಸಿಗೆಯೆಲ್ಲ ಸ್ಲಿಪ್ಪಿನಲ್ಲೇ ಯಾಕೆ ನಿಲ್ಲಿಸಿದ ಅಂದುಕೊಂಡೆ?"

ನಿಂಗಪ್ಪ ತಿರುಗಿ ಹರಿಪ್ರಸಾದರನ್ನು ನೋಡಿದ. ಹರಿಪ್ರಸಾದರು ಸಂಕೋಚದಿಂದ ಕೆಮ್ಮಿದರು. "ನನಗೂ ಗೊತ್ತಿತ್ತಪ್ಪ. ನನ್ ತಲೆ ಮೇಲೇ ತಾನೇ ನೀನು ನಡೆದಾಡೋದು? ಕೇಳಿದ್ರೆ ನಿನಗೆ ಬೇಜಾರಾಗುತ್ತೆ, ನೀನಾಗೇ ಹೇಳ್ಲಿ ಅಂತ ರಜನಿ ಬಾಯಿ ಮುಚ್ಚಿಸಿದ್ಲು. ಚಳಿಗಾಲದಲ್ಲಿ ಒಂದು ಸಣ್ಣ ಆಪರೇಷನ್ ಮಾಡಿದ್ರೆ ಏಪ್ರಿಲ್ಲಿಗೆ ಜಿಂಕೆ ಥರ ಓಡ್ತಿದ್ದೆ."

"ಓಡ್ತಿದ್ದೆ" ಎಂಬ ಮಾತು ನಿಂಗಪ್ಪನ ಕಿವಿಗೆ ಚುಚ್ಚಿತು. ಅದ್ಯಾಕೆ ‘ಓಡ್ತೀಯ’ ಅನ್ನಲಿಲ್ಲ?

"ಆದರೆ ಲ್ಯಾಡ್," ಜೆಫ್ ಮುಂದುವರಿಸಿದ, ಈ ಸಲ ಆ ಮುಖಕ್ಕೆ ತಕ್ಕ ದುಃಖ ನಿಜವಾಗಿಯೂ ಇತ್ತು, "ಒಂದು ಕಾಲಿನ ಪ್ರೋ ಆದರೆ ಹೇಗೋ ನಿಭಾಯಿಸ್ತೀವಿ ಅಂತ ಕಮಿಟಿ ಒಪ್ಪಿತ್ತು. ಈಗ ಒಳ್ಳೆಯ ಕಾಲೂ ಹೋಯಿತು. ಲಿಗಮೆಂಟು, ಸ್ನಾಯು, ಮೂಳೆ, ಎಲ್ಲಾ ಹೋಗಿದೆ ಅಂತ ನಾಲ್ಕು ಜನ ಡಾಕ್ಟರು ಹೇಳ್ತಿದ್ದಾರೆ. ಎರಡೂ ಕಾಲಿಲ್ಲದವನನ್ನ ತರೋದು ಹೇಗೆ, ನೀನೇ ಹೇಳು. ಆಸ್ಟ್ರೇಲಿಯಾದ ಒಬ್ಬ ಹುಡುಗ ಕೇಳ್ತಾ ಇದ್ದ. ಅವನಿಗೆ ಈಗ ಫೋನ್ ಮಾಡಬೇಕು."

ನಿಂಗಪ್ಪನ ಬಾಯಿ ತೆರೆದುಕೊಂಡಿತು. ಎಡಗಾಲಿಗೆ ಏನೂ ಆಗಿಲ್ಲ, ಎಲ್ಲಾ ನಾಟಕ ಎಂದು ಹೇಳುವುದಕ್ಕೆ ನಾಲಗೆಯ ತುದಿಯವರೆಗೂ ಬಂದಿತ್ತು.

"ಒಂದು ವಿಷಯ" ಎಂದ ಅಂಪೈರ್, ಬಿಯರಿನ ನೊರೆ ಒರೆಸಿಕೊಳ್ಳುತ್ತ. "ಇದು ಆ ಹಳೇ ಮಂಡಿಯ ನೋವಾಗಿದ್ದರೆ ನಾನು ರನ್ನರ್ ಕೊಡ್ತಾನೇ ಇರಲಿಲ್ಲ. ಸುಳ್ಳು ಹೇಳಿ ತಗೊಂಡಿದ್ದರೆ ಲೀಗಿಗೆ ಬರೆದು, 'ಇವತ್ತಿನ ಪಾಯಿಂಟ್ ಕಿತ್ಕೊಳ್ಳಿ, ಇವನನ್ನ ಇನ್ಮೇಲೆ ಯಾವ ಕ್ಲಬ್ಬಿಗೂ ಸೇರಿಸಬೇಡಿ' ಅಂತಿದ್ದೆ. ಪುಣ್ಯಕ್ಕೆ ನೀನು ಪ್ರಾಮಾಣಿಕ."

ನಿಂಗಪ್ಪ ಬಾಯಿ ಮುಚ್ಚಿದ. ಡ್ಯಾನಿ ಅತ್ತ ಗೆದ್ದ ಖುಷಿಯಲ್ಲಿ ಮೇಜಿನ ಮೇಲೆ ಹತ್ತಿ ಹಾಡುತ್ತಿದ್ದ. ಜೆಫ್ ಜೇಬಿನಿಂದ ಫೋನು ತೆಗೆದು ಕನ್ನಡಕ ಹುಡುಕುತ್ತಿದ್ದ. ನಿಜ ಹೇಳಿದರೂ ಹೋಯಿತು, ಹೇಳದಿದ್ದರೂ ಹೋಯಿತು. ಉಳಿದದ್ದು ಒಂದೇ ದಾರಿ.

"ಜೆಫ್, ನಿಲ್ಲು! ವಾಸಿ ಆಗೇತಿ!" ಗಾಬರಿಯಲ್ಲಿ ಅವನ ಇಂಗ್ಲಿಷಿನೊಳಗೆ ಹುಬ್ಬಳ್ಳಿ ನುಗ್ಗಿತ್ತು. "ಐಸಿನಿಂದ ಪೂರ್ತಿ ವಾಸಿಯಾಯಿತು! ಈಗ ನೋಡು, ಕುಣಿದು ತೋರಿಸ್ತೀನಿ!"

ಅಂದವನೇ ಬ್ಯಾಂಡೇಜು ಕಿತ್ತೆಸೆದು ಎದ್ದ. ಎಡಗಾಲಿನ ಮೇಲೆ ಒಂದು ಸಲ ಹಾರಿದ. ಎರಡು ಸಲ ಹಾರಿದ. ಜೆಫ್ ಫೋನಿನಿಂದ ತಲೆಯೆತ್ತಿದ. ಆ ಮುಖದಲ್ಲಿ ಇದೇ ಮೊದಲ ಸಲ ಒಂದು ಆಸೆ ಕಂಡಿತು. ಆ ಆಸೆಯನ್ನು ನೋಡಿದ ಉತ್ಸಾಹದಲ್ಲಿ ನಿಂಗಪ್ಪ ನಡೆದೂ ತೋರಿಸೋಣವೆಂದು ಬಲಗಾಲು ನೆಲಕ್ಕೆ ಊರಿದ.

ಮಧ್ಯಾಹ್ನದಿಂದ ಎರಡೂ ಕಾಲಿನ ಭಾರ ಹೊತ್ತಿದ್ದ ಬಲಮಂಡಿ, ಇನ್ನು ತನ್ನ ಕೈಲಿ ಆಗುವುದಿಲ್ಲ ಎಂದುಬಿಟ್ಟಿತು. ನಿಂಗಪ್ಪ ಸ್ಟೂಲಿನ ಸಮೇತ ನೆಲಕ್ಕೆ ಬಿದ್ದ.

"ನೋಡಿದ್ರಾ!" ನಾಲ್ಕೂ ಡಾಕ್ಟರರು ಒಟ್ಟಿಗೇ ಕೂಗಿದರು. ಅವರೆಲ್ಲ ಒಂದೇ ಮಾತು ಹೇಳಿದ್ದು ಆವತ್ತು ಅದೇ ಮೊದಲು.

"ಎಡಗಾಲಿನ ಮೇಲೆ ಭಾರ ಹಾಕ್ಬೇಡ ಅಂತ ಬಡ್ಕೊಂಡೆ, ಕೇಳಿದ್ಯಾ?" ಎಂದು ಹರಿಪ್ರಸಾದರು ಗದರಿದರು.

"ಸರ, ಬಿದ್ದಿದ್ದು ಬಲಗಾಲಿನಿಂದ್ರೀ" ಎಂದ ನಿಂಗಪ್ಪ ನೆಲದ ಮೇಲಿಂದಲೇ, ಅಳು ತಡೆದುಕೊಂಡು ಕನ್ನಡದಲ್ಲಿ. "ಎಡಗಾಲಿಗೆ ಏನೂ ಆಗಿಲ್ರೀ ಸರ. ನಿಮ್ಮ ಪಾದ ಮುಟ್ಟಿ ಹೇಳ್ತೀನಿ. ಮುಂಜಾನಿಂದ ಏನೂ ಆಗಿಲ್ಲ."

ಹರಿಪ್ರಸಾದರು ಹೆಂಡತಿಯ ಕಡೆ ತಿರುಗಿ ದನಿ ತಗ್ಗಿಸಿದರು. "ಶಾಕಲ್ಲಿದಾನೆ. ಪೇಶಂಟುಗಳೆಲ್ಲ ಹೀಗೇ, ಒಪ್ಪಿಕೊಳ್ಳೋದೇ ಇಲ್ಲ."

"ಎಕ್ಸ್-ರೇ ತೆಗೀರೀ ಸರ!" ನಿಂಗಪ್ಪ ಬಾಲಕೃಷ್ಣರ ಪ್ಯಾಂಟು ಹಿಡಿದುಕೊಂಡ. "ಗೊತ್ತಾಗ್ತತಿ!"

"ಎಕ್ಸ್-ರೇನಲ್ಲಿ ಕಾಣದೇ ಇರೋ ಕ್ರ್ಯಾಕೇ ಡೇಂಜರ್ ಕಣಪ್ಪ" ಎಂದರು ಬಾಲಕೃಷ್ಣರು ಅಕ್ಕರೆಯಿಂದ ಅವನ ತಲೆ ಸವರಿ.

ಬಾಗಿಲ ಬಳಿ ಜೆಫ್ ಫೋನನ್ನು ಕಿವಿಗಿಟ್ಟು, "ಹಲೋ, ಅಡಿಲೇಡಾ?" ಎನ್ನುತ್ತ ಹೊರಗೆ ನಡೆದ. ಡ್ಯಾನಿ ಮತ್ತು ಯಶಸ್ ಸೇರಿ ನಿಂಗಪ್ಪನನ್ನು ಎತ್ತಿ ಕಾರಿನಲ್ಲಿ ಉದ್ದಕ್ಕೆ ಮಲಗಿಸಿದರು. ಬಲಮಂಡಿ ನಡುನಡುವೆ ಕೆಂಡದ ಹಾಗೆ ಸುಡುತ್ತಿತ್ತು. ಅವನು ಅದನ್ನು ತೋರಿಸಿ ಏನೋ ಹೇಳಹೊರಟ.

"ಅದನ್ನ ಆಮೇಲೆ ನೋಡೋಣ, ಸುಮ್ನಿರು" ಎಂದರು ಹರಿಪ್ರಸಾದರು ಗಾಡಿ ಸ್ಟಾರ್ಟ್ ಮಾಡುತ್ತ. "ಮೊದಲು ಎಡಗಾಲಿಗೆ ಪ್ಲಾಸ್ಟರ್ ಹಾಕಿಸ್ಬೇಕು. ಆರು ವಾರ ನೀನು ಬಲಗಾಲಿನ ಮೇಲೇ ನಡೀಬೇಕಾಗುತ್ತೆ."